ಐಸೆನ್‌ಹೋವರ್ ಪಕ್ಕದಲ್ಲಿ ಬ್ರಿಟಿಷ್ ಅಧಿಕಾರಿ ಯಾಕೆ?

ನಮಸ್ಕಾರ. ಅಮೆರಿಕದ ಜನರಲ್ ಐಸೆನ್‌ಹೋವರ್‌ಗೆ ಗುಪ್ತಚರ ಮುಖ್ಯಸ್ಥರಾಗಿ ಬ್ರಿಟಿಷ್ ಅಧಿಕಾರಿ ಕೆನೆತ್ ಸ್ಟ್ರಾಂಗ್ ಹೇಗೆ ಬಂದ್ರು ಅಂತ ಕೇಳಿದ್ದೀರಿ. ಕಾರಣ, ಎರಡನೇ ಮಹಾಯುದ್ಧದಲ್ಲಿ ಐಸೆನ್‌ಹೋವರ್ ಕೈಕೆಳಗೆ ಒಟ್ಟಾಗಿ ಹೋರಾಡ್ತಿದ್ದ ಅಮೆರಿಕ-ಬ್ರಿಟಿಷ್ ಪಡೆಗಳಿಗೆ ಆದ ಒಂದು ಸೋಲು. 1943ರ ಫೆಬ್ರವರಿಯಲ್ಲಿ ಟ್ಯುನೀಷಿಯಾದ ಕ್ಯಾಸರೀನ್‌ನಲ್ಲಿ ಜರ್ಮನ್ನರ ದಾಳಿ ಎಲ್ಲಿ ಬರುತ್ತೆ ಅನ್ನೋ ಅಂದಾಜೇ ತಪ್ಪಿತ್ತು. ಗುಟ್ಟಾಗಿ ಕೇಳಿಸಿಕೊಂಡ ರೇಡಿಯೋ ಸಂದೇಶಗಳನ್ನೇ ಜಾಸ್ತಿ ನಂಬಿದ್ದರು. ಆಗ ಇದ್ದ ಅಧಿಕಾರಿಯೂ ಬ್ರಿಟಿಷರೇ. ಅವರನ್ನು ಬದಲಾಯಿಸಿ ಸ್ಟ್ರಾಂಗ್ ಅವರನ್ನು ತಂದರು.

ಅವರ ಬಲ ಜರ್ಮನಿಯ ಪರಿಚಯ. ಯುದ್ಧಕ್ಕೆ ಮುಂಚೆ ಬರ್ಲಿನ್‌ನ ಬ್ರಿಟಿಷ್ ರಾಯಭಾರ ಕಚೇರಿಯಲ್ಲಿ ಕೆಲಸ ಮಾಡಿದ್ದರು, ಭಾಷೆ ಚೆನ್ನಾಗಿ ಬರುತ್ತಿತ್ತು, ಎದುರಾಳಿ ಸೇನೆಯನ್ನು ಹತ್ತಿರದಿಂದ ನೋಡಿದ್ದರು. ನನಗೆ ಇದೇ ದೊಡ್ಡ ವಿಷಯ ಅನ್ನಿಸುತ್ತೆ.

1943ರ ಆಗಸ್ಟ್‌ನಲ್ಲಿ ಐಸೆನ್‌ಹೋವರ್ ಅವರ ಸಿಬ್ಬಂದಿ ಮುಖ್ಯಸ್ಥ ಬೆಡೆಲ್ ಸ್ಮಿತ್ ಜೊತೆ ಸಾದಾ ಬಟ್ಟೆಯಲ್ಲಿ ಗುಟ್ಟಾಗಿ ಲಿಸ್ಬನ್‌ಗೆ ಹೋಗಿ ಇಟಲಿಯ ಶರಣಾಗತಿ ಮಾತುಕತೆ ನಡೆಸಿದರು. 1945ರ ಮೇ 7ರ ನಸುಕಿನಲ್ಲಿ, ಫ್ರಾನ್ಸ್‌ನ ರೀಮ್ಸ್‌ನ ಶಾಲೆಯೊಂದರಲ್ಲಿ ಜರ್ಮನ್ ಜನರಲ್ ಯೋಡ್ಲ್ ಜರ್ಮನಿಯ ಶರಣಾಗತಿಗೆ ಸಹಿ ಹಾಕುವಾಗ ಅಲ್ಲಿ ದುಭಾಷಿ ಆಗಿದ್ದವರೂ ಸ್ಟ್ರಾಂಗ್. ಎಷ್ಟು ದೂರದ ದಾರಿ ಅಲ್ವಾ!

ತಪ್ಪೇ ಆಗಲಿಲ್ಲ ಅಂತ ಅಲ್ಲ. 1944ರ ಡಿಸೆಂಬರ್‌ನಲ್ಲಿ ಬೆಲ್ಜಿಯಂ ಕಡೆಯ ಆರ್ಡೆನ್ಸ್ ಕಾಡಿನಲ್ಲಿ ಜರ್ಮನ್ನರ ದಾಳಿಯನ್ನು ತಡೆಯುವಷ್ಟು ಗಟ್ಟಿಯಾದ ಎಚ್ಚರಿಕೆ ಮುಂಚೂಣಿಗೆ ಮುಟ್ಟಲಿಲ್ಲ. ಆದರೂ ಅವರ ಕೆಲಸ ಹೋಗಲಿಲ್ಲ. ಯುದ್ಧದ ನಂತರ ಬ್ರಿಟನ್‌ನ ಜಂಟಿ ಗುಪ್ತಚರ ಬ್ಯೂರೋದ ಮೊದಲ ನಿರ್ದೇಶಕರಾಗಿ 1964ರವರೆಗೆ ಇದ್ದರು, ಆಮೇಲೆ 1966ರವರೆಗೆ ರಕ್ಷಣಾ ಸಚಿವಾಲಯದ ಗುಪ್ತಚರ ವಿಭಾಗವನ್ನು ನೋಡಿಕೊಂಡರು.