ದಂಪತಿ ಬೇರೆಯಾದ ಮೇಲೆ ಜೀವನಾಂಶದ ಮೊತ್ತವನ್ನು ಕೋರ್ಟ್ ಹೇಗೆ ನಿರ್ಧರಿಸುತ್ತದೆ?

ಮಗುವಿನ ಜೀವನಾಂಶ ಬೇರೆ, ಸಂಗಾತಿಯದ್ದು ಬೇರೆ. ಮೊದಲನೆಯದು ಮಗುವಿನ ಹಕ್ಕು. ಅಪ್ಪ-ಅಮ್ಮ ತಮ್ಮೊಳಗೇ ಮಾತಾಡಿ ಬಿಟ್ಟುಕೊಡುತ್ತೇವೆಂದರೆ ಕೋರ್ಟ್ ಸಾಮಾನ್ಯವಾಗಿ ಒಪ್ಪುವುದಿಲ್ಲ. ಇದಕ್ಕೆ ಹಲವೆಡೆ ಸಿದ್ಧ ಸೂತ್ರಗಳಿವೆ. ಅಮೆರಿಕದ ವಿಸ್ಕಾನ್ಸಿನ್‌ನಲ್ಲಿ ಒಂದು ಮಗುವಿಗೆ ಕೊಡುವವರ ಆದಾಯದ ಶೇ. 17, ಇಬ್ಬರಿಗೆ ಶೇ. 25 ಎಂಬುದು ಮೂಲ ಲೆಕ್ಕ. ಜರ್ಮನಿಯಲ್ಲಿ ಕೊಡುವವರ ಆದಾಯ, ಮಗುವಿನ ವಯಸ್ಸಿನ ಮೇಲೆ ಮೊತ್ತ ತೋರಿಸುವ ಡ್ಯೂಸೆಲ್‌ಡಾರ್ಫ್ ಕೋಷ್ಟಕ ನೋಡುತ್ತಾರೆ.

ಸಂಗಾತಿಯ ವಿಷಯ ಇಷ್ಟು ಸಲೀಸಲ್ಲ. ಒಬ್ಬರ ಅಗತ್ಯ, ಇನ್ನೊಬ್ಬರ ಶಕ್ತಿ ಎರಡನ್ನೂ ತೂಗಬೇಕು. ಮದುವೆ ಎಷ್ಟು ವರ್ಷದ್ದು, ವಯಸ್ಸು, ಆರೋಗ್ಯ, ಇದ್ದ ಜೀವನಮಟ್ಟ ಎಲ್ಲ ಲೆಕ್ಕಕ್ಕೆ ಬರುತ್ತವೆ. ನನ್ನ ಪ್ರಕಾರ ಅತಿ ಮುಖ್ಯವಾದದ್ದು, ಮನೆ-ಮಕ್ಕಳಿಗಾಗಿ ಯಾರು ಕೆಲಸ ಬಿಟ್ಟರು ಎಂಬುದು. ಹತ್ತು ವರ್ಷ ಮನೆಯಲ್ಲಿದ್ದವರಿಗೆ ಹಳೆಯ ಸಂಬಳದ ಕೆಲಸ ಮರುದಿನವೇ ಸಿಗುವುದಿಲ್ಲ. ಹಾಗಾಗಿ ಕಾಲು ಊರಿಕೊಳ್ಳುವವರೆಗೆ ಮಾತ್ರ ಎಂದು ಅವಧಿ ಕಟ್ಟಿ ಕೊಡಿಸುವುದೂ ಉಂಟು.

ನಿಜವಾದ ಜಗಳ ಆದಾಯದ ಸುತ್ತ. ಬೇಕೆಂದೇ ಕೆಲಸ ಬಿಟ್ಟು ಕೈ ಖಾಲಿ ಎಂದವರಿಗೆ, ಅವರು ದುಡಿಯಬಲ್ಲಷ್ಟು ಮೊತ್ತವನ್ನೇ ಆದಾಯವೆಂದು ಹಿಡಿಯಬಹುದು. ಕೆಲಸ ನಿಜಕ್ಕೂ ಹೋಗಿದ್ದರೆ ಮೊತ್ತ ಬದಲಿಸಲು ತಕ್ಷಣ ಅರ್ಜಿ ಹಾಕಿ, ಸುಮ್ಮನೆ ಕೊಡುವುದನ್ನು ನಿಲ್ಲಿಸಬೇಡಿ. ಏರಿದ ಬಾಕಿ ಸುಲಭಕ್ಕೆ ಮನ್ನಾ ಆಗದು.