ನಾಲ್ವರು ಗೆಳೆಯರಿದ್ದಾಗ ವ್ಯಾಲರಂಟ್‌ನಲ್ಲಿ ಯಾವ ಮೋಡ್ ಆಡಬೇಕು, ಯಾವಾಗ ಬದಲಿಸಬೇಕು?

ಸಕಲೇಶಪುರದ ನೀವು ನಾಲ್ವರು ಗೆಳೆಯರು ಆರು ತಿಂಗಳಿಂದ ವ್ಯಾಲರಂಟ್ (ಐವರ ಎರಡು ತಂಡಗಳು ಕಂಪ್ಯೂಟರ್‌ನಲ್ಲಿ ಆಡುವ ಗುಂಡಿನ ಆಟ) ಆಡುತ್ತಿದ್ದೀರಿ. ಒಂದೇ ಸಂಜೆಯಲ್ಲಿ ಸ್ಪೈಕ್ ರಶ್, ಡೆತ್‌ಮ್ಯಾಚ್, ಕಾಂಪಿಟಿಟಿವ್ ಎಂದು ಐದಾರು ಸಲ ಮೋಡ್ ಬದಲಾಗುತ್ತದೆ. ಒಂದು ಮ್ಯಾಚ್ ಸೋತ ಕೂಡಲೇ ಯಾರಾದರೊಬ್ಬರು ‘ಇದು ಬೇಡ, ಬೇರೆ ಆಡೋಣ’ ಎನ್ನುತ್ತಾರೆ. ಗೆದ್ದು ಸೋತು ರ‍್ಯಾಂಕ್ ಏರಿಳಿಯುವ ಕಾಂಪಿಟಿಟಿವ್‌ಗೆ ಹೋದರೆ ನಾಲ್ವರಲ್ಲಿ ಒಬ್ಬರು ಹೊರಗೆ ಕೂರಬೇಕು, ರ‍್ಯಾಂಕ್ ಮಾತ್ರ ಬ್ರಾಂಜ್ (ಕೆಳಗಿನಿಂದ ಎರಡನೆಯ ಹಂತ) ದಾಟುತ್ತಿಲ್ಲ. ಹಾಗಾದರೆ ಯಾವ ಮೋಡ್ ಆರಿಸಬೇಕು, ಯಾವಾಗ ಬದಲಿಸಬೇಕು ಎಂಬುದು ನಿಮ್ಮ ಪ್ರಶ್ನೆ. ನಾನು ಮೂಡಿಗೆರೆ ತಾಲ್ಲೂಕಿನ ಒಂದು ತೋಟದ ಮನೆಯಲ್ಲಿ ಕುಳಿತು 2021ರಿಂದ ಈ ಆಟ ಆಡುತ್ತಿದ್ದೇನೆ. ನಿಮ್ಮ ಊರಿನ ಮಳೆ, ಕರೆಂಟು, ನೆಟ್‌ವರ್ಕ್ ಎಲ್ಲವೂ ನನಗೂ ಇರುವುದರಿಂದ, ಬೆಂಗಳೂರಿನಲ್ಲಿ ಕುಳಿತು ಆಡುವವರ ಸಲಹೆಗಿಂತ ನನ್ನ ಅನುಭವ ನಿಮಗೆ ಹೆಚ್ಚು ಹೊಂದಬಹುದೆಂಬ ನಂಬಿಕೆಯಿಂದ ತುಸು ದೀರ್ಘವಾಗಿಯೇ ಬರೆಯುತ್ತಿದ್ದೇನೆ.

ಲಾಬಿಯಲ್ಲಿ (ಮ್ಯಾಚ್‌ಗೆ ಮುನ್ನ ಗುಂಪು ಸೇರುವ ಪರದೆಯಲ್ಲಿ) ಮೋಡ್ ಆರಿಸುವ ಮೊದಲು ನಾನು ನೋಡುವುದು ಗಡಿಯಾರವನ್ನು. ಕಾಂಪಿಟಿಟಿವ್ ಮತ್ತು ರ‍್ಯಾಂಕ್‌ನ ಲೆಕ್ಕವಿಲ್ಲದ ಅನ್‌ರೇಟೆಡ್ ಎರಡರಲ್ಲೂ 13 ರೌಂಡ್ ಗೆದ್ದ ತಂಡಕ್ಕೆ ಜಯ. ಪ್ರತಿ ರೌಂಡ್‌ನಲ್ಲಿ ಆಯುಧ ಖರೀದಿಗೆ 30 ಸೆಕೆಂಡು, ಆಟಕ್ಕೆ 100 ಸೆಕೆಂಡು, ಸ್ಪೈಕ್ (ದಾಳಿ ಮಾಡುವ ತಂಡ ನೆಡುವ ಬಾಂಬ್) ಪ್ಲಾಂಟ್ ಆದರೆ ಅದು ಸಿಡಿಯುವುದಕ್ಕೆ 45 ಸೆಕೆಂಡು ಇರುತ್ತದೆ. 13-11ರಲ್ಲಿ ಮುಗಿಯುವ ಮ್ಯಾಚ್ ಎಂದರೆ 24 ರೌಂಡು. ಒಂದಕ್ಕೆ ಸರಾಸರಿ ಒಂದೂವರೆ ನಿಮಿಷವೆಂದು ಹಿಡಿದರೂ 36 ನಿಮಿಷವಾಯಿತು. ಏಜೆಂಟ್ (ಆಡುವ ಪಾತ್ರ) ಆಯ್ಕೆ, ಎದುರಾಳಿಗಳು ಸಿಗಲೆಂದು ಕ್ಯೂನಲ್ಲಿ ಕಾಯುವ ಹೊತ್ತು ಇವನ್ನು ಸೇರಿಸಿದರೆ ಮುಕ್ಕಾಲು ಗಂಟೆ ಕೈಯಲ್ಲಿರಲೇಬೇಕು. ಕಾಂಪಿಟಿಟಿವ್‌ನಲ್ಲಿ 12-12 ಆಗಿಬಿಟ್ಟರೆ ಎರಡು ರೌಂಡ್‌ಗಳ ಅಂತರ ಸಿಗುವವರೆಗೆ ಆಟ ಇನ್ನೂ ಬೆಳೆಯುತ್ತದೆ. ಇದಕ್ಕೆ ಹೋಲಿಸಿದರೆ ಸ್ವಿಫ್ಟ್‌ಪ್ಲೇಯಲ್ಲಿ 5 ರೌಂಡ್ ಗೆದ್ದರೆ ಸಾಕು, ಹೆಚ್ಚೆಂದರೆ 9 ರೌಂಡು, ಕಾಲು ಗಂಟೆಯ ಆಸುಪಾಸಿನಲ್ಲಿ ಮುಗಿಯುತ್ತದೆ. ಸ್ಪೈಕ್ ರಶ್‌ನಲ್ಲಿ 4 ರೌಂಡ್ ಗೆದ್ದವರಿಗೆ ಜಯ, ಅದು ಇನ್ನೂ ಚಿಕ್ಕದು. ಡೆತ್‌ಮ್ಯಾಚ್‌ನಲ್ಲಿ ಪ್ರತಿಯೊಬ್ಬರೂ ಒಂಟಿ, ಮೊದಲು 40 ಕಿಲ್ ಮಾಡಿದವರು ಗೆಲ್ಲುತ್ತಾರೆ. 2023ರಲ್ಲಿ ಬಂದ ಟೀಮ್ ಡೆತ್‌ಮ್ಯಾಚ್‌ನಲ್ಲಿ ಐವರು ಐವರ ಎರಡು ತಂಡಗಳು, 100 ಕಿಲ್ ಗುರಿ. ಈ ಎರಡೂ ಹತ್ತು ನಿಮಿಷದ ಆಚೀಚೆ ಮುಗಿಯುವಂಥವು.

ಗಡಿಯಾರಕ್ಕೆ ನಾನು ಇಷ್ಟೊಂದು ಮಹತ್ವ ಕೊಡಲು ಕಾರಣವಿದೆ. ಎರಡು ವರ್ಷದ ಹಿಂದೆ ಪುನರ್ವಸು ಮಳೆ ಹಿಡಿದು ಹೊಡೆಯುತ್ತಿದ್ದ ಒಂದು ರಾತ್ರಿ ನಾನು ಕಾಂಪಿಟಿಟಿವ್ ಮ್ಯಾಚ್‌ನಲ್ಲಿದ್ದೆ. ನಮ್ಮ ತಂಡ 9-6ರಲ್ಲಿ ಮುಂದಿತ್ತು. ಎಲ್ಲೋ ಸಿಲ್ವರ್ ಮರ ತಂತಿಯ ಮೇಲೆ ಬಿದ್ದು ಕರೆಂಟು ಹೋಯಿತು. ಅರ್ಧ ಗಂಟೆಯ ಮೇಲೆ ಮೊಬೈಲ್ ನೆಟ್‌ವರ್ಕ್ ಹಿಡಿದು ಲಾಗಿನ್ ಆದಾಗ ಮ್ಯಾಚ್ ಮುಗಿದಿತ್ತು, ನಮ್ಮ ತಂಡ ಸೋತಿತ್ತು, ನನಗೆ ಕ್ಯೂ ನಿರ್ಬಂಧ (ಕೆಲಕಾಲ ಹೊಸ ಮ್ಯಾಚ್ ಸೇರದಂತೆ ತಡೆ) ಬಿದ್ದಿತ್ತು. ನಿರ್ಬಂಧ ನನಗೆ ಬೇಸರ ತರಲಿಲ್ಲ. ನಾಲ್ವರು ಅಪರಿಚಿತರು ಐವರ ಎದುರು ನಾಲ್ವರಾಗಿ ಉಳಿದ ಹೊತ್ತನ್ನು ನೆನೆದಾಗ ಮಾತ್ರ ನಿಜವಾಗಿ ಕಸಿವಿಸಿಯಾಯಿತು. ಮೊದಲ ರೌಂಡ್‌ನಲ್ಲೇ ಒಬ್ಬ ಆಟಗಾರ ಕಾಣೆಯಾದರೆ ತಂಡದವರು ಎರಡನೆಯ ರೌಂಡ್‌ನ ಆರಂಭದಲ್ಲಿ ಮತ ಹಾಕಿ ಮ್ಯಾಚನ್ನು ರದ್ದು ಮಾಡಿಕೊಳ್ಳಬಹುದು. ಆಟದ ನಡುವೆ ಹೋದರೆ ಉಳಿದವರಿಗೆ ಆ ದಾರಿಯೂ ಇಲ್ಲ. ಅಂದಿನಿಂದ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ, ಗಾಳಿ ಎದ್ದ ರಾತ್ರಿಗಳಲ್ಲಿ, ನಾನು ಸ್ವಿಫ್ಟ್‌ಪ್ಲೇಗಿಂತ ದೊಡ್ಡ ಮೋಡ್‌ನ ಕ್ಯೂಗೆ ಹೋಗುವುದಿಲ್ಲ. ಕಾಫಿ ಕುಯ್ಲಿನ ದಿನಗಳಲ್ಲೂ ಅಷ್ಟೇ. ಕಣದಲ್ಲಿ ಹಣ್ಣು ಹರಡಿರುವಾಗ ಯಾರಾದರೂ ಬಂದು ಕರೆದರೆ ಎದ್ದು ಹೋಗಲೇಬೇಕು.

ಇನ್ನು ಪ್ರತಿ ಮೋಡ್ ಏನು ಕಲಿಸುತ್ತದೆ ಎಂಬ ಮಾತು. ನಿಮ್ಮ ರ‍್ಯಾಂಕ್ ನಿಂತಲ್ಲೇ ನಿಂತಿರುವುದಕ್ಕೆ ಕಾರಣ ಇಲ್ಲಿಯೇ ಇರಬಹುದು ಎಂಬುದು ನನ್ನ ಅಂದಾಜು. ನೀವು ಹೆಚ್ಚಾಗಿ ಆಡುವುದು ಸ್ಪೈಕ್ ರಶ್ ಎಂದು ಬರೆದಿದ್ದೀರಿ. ಅದರಲ್ಲಿ ದಾಳಿ ಮಾಡುವ ಐವರ ಕೈಯಲ್ಲೂ ಸ್ಪೈಕ್ ಇರುತ್ತದೆ, ಆ ರೌಂಡ್‌ನ ಆಯುಧವನ್ನು ಆಟವೇ ಎಲ್ಲರಿಗೂ ಒಂದೇ ಆಗಿ ಹಂಚುತ್ತದೆ, ಖರೀದಿ ಎಂಬುದೇ ಇಲ್ಲ. ಆದ್ದರಿಂದ ಸ್ಪೈಕ್ ಹೊತ್ತವನನ್ನು ಕಾಪಾಡಿಕೊಂಡು ಮುನ್ನಡೆಯುವುದು, ಅವನು ಬಿದ್ದರೆ ಸ್ಪೈಕನ್ನು ಮರಳಿ ಪಡೆಯುವುದು, ಹಣ ಕೂಡಿಡುವುದು, ಈ ಮೂರನ್ನೂ ನೀವು ಆರು ತಿಂಗಳಿಂದ ಅಭ್ಯಾಸ ಮಾಡಿದ್ದು ತೀರಾ ಕಡಿಮೆ. ಕಾಂಪಿಟಿಟಿವ್‌ನಲ್ಲಿ ಬ್ರಾಂಜ್, ಸಿಲ್ವರ್ ಹಂತದ ಮ್ಯಾಚ್‌ಗಳು ಬಹುತೇಕ ಸೋಲುವುದು ಈ ಮೂರರಲ್ಲೇ.

ಹಣದ ಲೆಕ್ಕವನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಏಕೆಂದರೆ ಇದನ್ನು ತಿಳಿದ ಮೇಲೆ ನನ್ನ ಆಟ ಬದಲಾಯಿತು. ಮೊದಲ ರೌಂಡ್‌ನಲ್ಲಿ ಪ್ರತಿಯೊಬ್ಬರಿಗೆ 800 ಕ್ರೆಡಿಟ್ ಇರುತ್ತದೆ. ರೌಂಡ್ ಗೆದ್ದರೆ 3000. ಸೋತರೆ 1900, ಸತತ ಎರಡನೆಯ ಸೋಲಿಗೆ 2400, ಮೂರನೆಯದಕ್ಕೆ 2900. ಪ್ರತಿ ಕಿಲ್‌ಗೆ 200. ವ್ಯಾಂಡಲ್ ಆಗಲಿ ಫ್ಯಾಂಟಮ್ ಆಗಲಿ, ಈ ರೈಫಲ್‌ಗಳಿಗೆ 2900, ಭಾರಿ ಶೀಲ್ಡ್ 1000, ಎರಡೂ ಸೇರಿ 3900. ಈಗ ನೋಡಿ: ಮೊದಲ ರೌಂಡ್‌ನಲ್ಲಿ 800ನ್ನೂ ಖರ್ಚು ಮಾಡಿ ಸೋತಿರಿ ಎಂದುಕೊಳ್ಳೋಣ. ಕೈಗೆ 1900 ಬಂತು. ಎರಡನೆಯ ರೌಂಡ್‌ನಲ್ಲಿ ಐವರೂ ಏನೂ ಕೊಳ್ಳದೆ ಆಡಿದರೆ, ಅದನ್ನು ಸೋತರೂ 2400 ಸೇರಿ 4300 ಆಗುತ್ತದೆ. ಮೂರನೆಯ ರೌಂಡ್‌ನಲ್ಲಿ ಐವರೂ ರೈಫಲ್, ಶೀಲ್ಡ್ ಕೊಂಡು ಇನ್ನೂ 400 ಎಬಿಲಿಟಿಗೆ (ಏಜೆಂಟ್‌ನ ವಿಶೇಷ ಶಕ್ತಿಗಳಿಗೆ) ಉಳಿಯುತ್ತದೆ. ಅದೇ ಎರಡನೆಯ ರೌಂಡ್‌ನಲ್ಲಿ ಇಬ್ಬರು ಕೂಡಿಟ್ಟು ಮೂವರು ಇದ್ದದ್ದನ್ನೆಲ್ಲ ಖರ್ಚು ಮಾಡಿದರೆ, ಮೂರನೆಯ ರೌಂಡ್‌ಗೆ ಇಬ್ಬರ ಕೈಯಲ್ಲಿ ರೈಫಲ್, ಉಳಿದ ಮೂವರಿಗೆ ಅಂಥ ರೈಫಲ್, ಶೀಲ್ಡ್ ಎರಡಕ್ಕೂ ಹಣ ಸಾಲದು. ಒಬ್ಬ ಎಷ್ಟೇ ಗುರಿಕಾರನಾದರೂ ಅಂಥ ತಂಡವನ್ನು ದಡ ಮುಟ್ಟಿಸುವುದು ಕಷ್ಟ. ಈ ಒಮ್ಮತವನ್ನು ಕಲಿಯಲು ಅನ್‌ರೇಟೆಡ್ ಬಿಟ್ಟರೆ ಬೇರೆ ಪಾಠಶಾಲೆಯಿಲ್ಲ. ಸ್ವಿಫ್ಟ್‌ಪ್ಲೇಯಲ್ಲಿ ಪ್ರತಿ ರೌಂಡ್‌ನ ಹಣ ಬಹುಮಟ್ಟಿಗೆ ಮೊದಲೇ ನಿಗದಿಯಾಗಿರುವುದರಿಂದ ಉಳಿತಾಯದ ಪಾಠ ಅಲ್ಲಿ ಸಿಗದು. ಆದರೆ ಒಂದೇ ಸ್ಪೈಕ್, ಸೈಟ್ (ಸ್ಪೈಕ್ ನೆಡುವ ಜಾಗ) ಹಿಡಿಯುವುದು, ಕಳೆದುಕೊಂಡ ಸೈಟನ್ನು ಮರಳಿ ಗೆಲ್ಲುವುದು, ಎಬಿಲಿಟಿಗಳ ಹೊಂದಾಣಿಕೆ ಇವೆಲ್ಲ ದೊಡ್ಡ ಆಟದಂತೆಯೇ ಇರುತ್ತವೆ. ಸಮಯ ಕಡಿಮೆಯಿರುವವರಿಗೆ ಇದರಷ್ಟು ಉಪಯುಕ್ತ ಮೋಡ್ ಇನ್ನೊಂದಿಲ್ಲ ಎಂದು ನಾನು ಧೈರ್ಯವಾಗಿ ಹೇಳುತ್ತೇನೆ.

ಡೆತ್‌ಮ್ಯಾಚ್ ಏಮ್ (ಗುರಿ) ಪಳಗಿಸಲು ಒಳ್ಳೆಯದು, ಆದರೆ ಅಳತೆಯಲ್ಲಿರಬೇಕು. ಅಲ್ಲಿ ಸತ್ತರೆ ಕ್ಷಣದಲ್ಲಿ ಮತ್ತೆ ಹುಟ್ಟುತ್ತೀರಿ. ಜೀವಕ್ಕೆ ಬೆಲೆಯಿಲ್ಲದ ಆಟವನ್ನು ಒಂದು ಗಂಟೆ ಆಡಿ ನೇರವಾಗಿ ಕಾಂಪಿಟಿಟಿವ್‌ಗೆ ಬಂದರೆ ಮೂಲೆ ನೋಡದೆ ನುಗ್ಗುವ ಚಾಳಿ ಕೈಯಲ್ಲೇ ಉಳಿದಿರುತ್ತದೆ. ನಾನು ಶೂಟಿಂಗ್ ರೇಂಜ್‌ನಲ್ಲಿ ಹತ್ತು ನಿಮಿಷ, ಆಮೇಲೆ ಒಂದೇ ಒಂದು ಡೆತ್‌ಮ್ಯಾಚ್, ಅಲ್ಲಿಗೆ ನಿಲ್ಲಿಸುತ್ತೇನೆ.

ನಾಲ್ವರ ತೊಡಕು ನಿಮ್ಮ ತಪ್ಪಲ್ಲ, ಅದು ಆಟದ ನಿಯಮ. ಕಾಂಪಿಟಿಟಿವ್‌ನಲ್ಲಿ ಒಬ್ಬರು, ಇಬ್ಬರು, ಮೂವರು ಅಥವಾ ಐವರ ಗುಂಪಿಗೆ ಮಾತ್ರ ಅವಕಾಶ. ನಾಲ್ವರು ಪರಿಚಿತರ ನಡುವೆ ಸಿಕ್ಕಿಕೊಳ್ಳುವ ಐದನೆಯ ಅಪರಿಚಿತನ ಪಾಡು ಹೇಗಿರುತ್ತದೆಂದು ಯೋಚಿಸಿದರೆ ಈ ನಿಯಮ ನನಗೆ ಸರಿಯಾಗಿಯೇ ಕಾಣುತ್ತದೆ. ಹಾಗಾಗಿ ನಾಲ್ವರೂ ಲಾಗಿನ್ ಆಗಿರುವ ಸಂಜೆಯನ್ನು ಅನ್‌ರೇಟೆಡ್ ಅಥವಾ ಸ್ವಿಫ್ಟ್‌ಪ್ಲೇಗೆಂದು ಮೀಸಲಿಡಿ, ಇಬ್ಬರೋ ಮೂವರೋ ಸಿಕ್ಕ ದಿನ ಕಾಂಪಿಟಿಟಿವ್ ಆಡಿ. ಯಾರನ್ನೂ ಹೊರಗೆ ಕೂರಿಸುವ ಪ್ರಸಂಗವೇ ಬರುವುದಿಲ್ಲ. ಅನ್‌ರೇಟೆಡ್‌ನಲ್ಲಿ ನಿಮಗೂ ಒಬ್ಬ ಐದನೆಯವನು ಸಿಗುತ್ತಾನಲ್ಲ, ಅವನ ವಿಷಯದಲ್ಲಿ ಒಂದು ಕೋರಿಕೆ: ಗುಂಪಿನ ವಾಯ್ಸ್ ಬೇರೆ, ತಂಡದ ವಾಯ್ಸ್ ಬೇರೆ. ನಾಲ್ವರೂ ಗುಂಪಿನ ವಾಯ್ಸ್‌ನಲ್ಲಿ ಕನ್ನಡದಲ್ಲಿ ಮಾತಾಡಿಕೊಂಡರೆ ಅವನಿಗೆ ಏನೂ ಕೇಳಿಸದು. ಒಬ್ಬರಾದರೂ ತಂಡದ ವಾಯ್ಸ್‌ಗೆ ಬಂದು, ಅವನಿಗೆ ತಿಳಿಯುವ ಭಾಷೆಯಲ್ಲಿ, ಶತ್ರು ಎಲ್ಲಿದ್ದಾನೆಂದು ಹೇಳಿ. ನನಗೆ ಹೀಗೆ ಸಿಕ್ಕ ಒಬ್ಬರು ಹಾಸನದವರೇ ಆಗಿದ್ದರು. ಈಗ ನಮ್ಮ ಐವರ ಗುಂಪಿನಲ್ಲಿ ಅವರೂ ಇದ್ದಾರೆ.

ಈಗ ನಿಮ್ಮ ಪ್ರಶ್ನೆಯ ಮುಖ್ಯ ಭಾಗ, ಸೋತಾಗ ಮೋಡ್ ಬದಲಿಸುವುದು. ಮ್ಯಾಚ್ ಶುರುವಾದ ಮೇಲೆ ಮೋಡ್ ಬದಲಿಸಲು ಬಾರದು. ಲಾಬಿಗೆ ಮರಳಿದಾಗ ಗುಂಪಿನ ನಾಯಕ ಬದಲಿಸಬೇಕು. ಅಂದರೆ ನಿಮ್ಮ ನಿರ್ಧಾರಗಳೆಲ್ಲ ಸೋಲಿನ ಬಿಸಿ ಆರದ ಆ ಅರ್ಧ ನಿಮಿಷದಲ್ಲೇ ಆಗುತ್ತಿವೆ. ಹಾಗೆ ಬದಲಿಸಿದಾಗ ಈಗಷ್ಟೇ ಸೋತ ಮ್ಯಾಚ್‌ನಿಂದ ಕಲಿಯಬೇಕಾದದ್ದು ಯಾವುದೂ ಮುಂದಿನ ಮ್ಯಾಚ್‌ಗೆ ಬರುವುದಿಲ್ಲ. ಅನ್‌ರೇಟೆಡ್‌ನಲ್ಲಿ ‘ಎರಡನೆಯ ರೌಂಡ್‌ಗೆ ಕೂಡಿಡಬೇಕಿತ್ತು’ ಎಂದು ಹೊಳೆದದ್ದನ್ನು ಪ್ರಯೋಗಿಸಲು ಇನ್ನೊಂದು ಅನ್‌ರೇಟೆಡ್ ಬೇಕು, ಸ್ಪೈಕ್ ರಶ್‌ನಲ್ಲಿ ಅದಕ್ಕೆ ಎಡೆಯೆಲ್ಲಿ? ನಮ್ಮ ಗುಂಪಿನಲ್ಲಿ ಆಟಕ್ಕೆ ಕೂರುವ ಮುಂಚೆಯೇ ವಾಟ್ಸಾಪ್‌ನಲ್ಲಿ ಎರಡು ಮಾತು ತೀರ್ಮಾನವಾಗುತ್ತದೆ: ಇಂದು ಯಾವ ಮೋಡ್, ಎಷ್ಟು ಮ್ಯಾಚ್. ಬದಲಾವಣೆಗೆ ನಾವು ಒಪ್ಪಿಕೊಂಡಿರುವ ಕಾರಣಗಳು ಮೂರೇ. ಉಳಿದಿರುವ ಹೊತ್ತು ಇನ್ನೊಂದು ಪೂರ್ತಿ ಮ್ಯಾಚ್‌ಗೆ ಸಾಲದಿದ್ದರೆ ಸ್ವಿಫ್ಟ್‌ಪ್ಲೇಗೆ ಇಳಿಯುತ್ತೇವೆ. ಯಾರದಾದರೂ ಪಿಂಗ್ (ನೆಟ್‌ವರ್ಕ್‌ನ ವಿಳಂಬ) ಏರುಪೇರಾಗುತ್ತಿದ್ದರೆ ಇಳಿಯುತ್ತೇವೆ. ಜನರ ಸಂಖ್ಯೆ ಬದಲಾದರೆ ಅದಕ್ಕೆ ತಕ್ಕಂತೆ ಬದಲಿಸುತ್ತೇವೆ. ಸೋಲು ಈ ಪಟ್ಟಿಯಲ್ಲಿಲ್ಲ. ಕಾಂಪಿಟಿಟಿವ್‌ನಲ್ಲಿ ಸತತ ಎರಡು ಸೋತರೆ ಮಾತ್ರ ಆ ದಿನದ ಕಾಂಪಿಟಿಟಿವ್ ಮುಗಿಯಿತು. ಆಗಲೂ ಬೇರೆ ಮೋಡ್‌ಗೆ ಹಾರದೆ ಕಂಪ್ಯೂಟರ್ ಆರಿಸಿ ಎದ್ದುಬಿಡುತ್ತೇವೆ. ಈ ಕ್ರಮ ಹಿಡಿದ ಮೇಲೆ ನಾನು ಸಿಲ್ವರ್‌ನಿಂದ ಪ್ಲಾಟಿನಮ್‌ಗೆ ಬರಲು ಸುಮಾರು ಒಂದು ವರ್ಷ ಹಿಡಿಯಿತು. ಬೇಗ ಆಗುವ ಕೆಲಸವಲ್ಲ ಎಂಬುದನ್ನೂ ಹೇಳಿಬಿಡುತ್ತೇನೆ.

ಮ್ಯಾಪ್ ಗೊತ್ತಿಲ್ಲದ ಕಾರಣಕ್ಕೆ ಸೋಲುತ್ತಿದ್ದೇವೆ ಎಂದೂ ಬರೆದಿದ್ದೀರಿ. ಈ ಯಾವ ಕ್ಯೂನಲ್ಲೂ ಬೇಕಾದ ಮ್ಯಾಪ್ ಕೇಳಿ ಪಡೆಯಲು ಬರುವುದಿಲ್ಲ, ಆದ್ದರಿಂದ ಮೋಡ್ ಬದಲಿಸಿ ಪ್ರಯೋಜನವಿಲ್ಲ. ಕಸ್ಟಮ್ ಗೇಮ್ ತೆರೆದರೆ ಮ್ಯಾಪ್ ನಿಮ್ಮದೇ ಆಯ್ಕೆ. ಅದರಲ್ಲಿ ಚೀಟ್ಸ್ ಆನ್ ಮಾಡಿಕೊಂಡರೆ ಎಬಿಲಿಟಿಗಳು ಮುಗಿಯುವುದೇ ಇಲ್ಲ. ನಾಲ್ವರೂ ಭಾನುವಾರ ಬೆಳಿಗ್ಗೆ ಅರ್ಧ ಗಂಟೆ ಒಂದೇ ಮ್ಯಾಪ್‌ನಲ್ಲಿ ಓಡಾಡಿ, ಬ್ರಿಮ್‌ಸ್ಟೋನ್ ಅಥವಾ ಓಮೆನ್ ಆಡುವವರು ಹೊಗೆ ಎಲ್ಲಿ ಹಾಕಬೇಕೆಂದು ನೋಡಿಕೊಳ್ಳಲಿ, ಉಳಿದವರು ಎದುರಾಳಿಯ ಕಡೆ ನಿಂತು ಆ ಹೊಗೆಯಲ್ಲಿ ಸಂದು ಉಳಿದಿದೆಯೇ ಎಂದು ಹೇಳಲಿ. ಹತ್ತು ಸ್ಪೈಕ್ ರಶ್‌ಗಿಂತ ಇದು ಹೆಚ್ಚು ಫಲ ಕೊಡುತ್ತದೆ.

ನಿಮ್ಮಲ್ಲೊಬ್ಬರ ಕಂಪ್ಯೂಟರ್ ಕೆಟ್ಟಾಗ ಎಲ್ಲರೂ ಮೊಬೈಲ್‌ನಲ್ಲಿ ಬಿಜಿಎಮ್‌ಐಗೆ (ಬ್ಯಾಟಲ್‌ಗ್ರೌಂಡ್ಸ್ ಮೊಬೈಲ್ ಇಂಡಿಯಾ ಆಟಕ್ಕೆ) ಹೋಗುತ್ತೀರಂತೆ. ಅಲ್ಲಿ ಸ್ಕ್ವಾಡ್ ಎಂದರೇ ನಾಲ್ವರು, ನಿಮಗೆ ಹೇಳಿ ಮಾಡಿಸಿದಂತಿದೆ. 8 ಕಿಲೋಮೀಟರ್ ಉದ್ದಗಲದ ಎರಾಂಗೆಲ್ ಮ್ಯಾಪ್‌ನಲ್ಲಿ 100 ಜನರ ಆಟ ಅರ್ಧ ಗಂಟೆ ಬೇಡುತ್ತದೆ; 2 ಕಿಲೋಮೀಟರ್ ಉದ್ದಗಲದ ಲಿವಿಕ್‌ನಲ್ಲಿ 52 ಜನ, ಅದು ಸುಮಾರು ಅದರ ಅರ್ಧದಲ್ಲಿ ಮುಗಿಯುತ್ತದೆ. ಅಲ್ಲಿಯೂ ಗಡಿಯಾರ ನೋಡಿ ಆರಿಸಿದರಾಯಿತು.

ಕೊನೆಯದಾಗಿ ಕರೆಂಟಿನ ವಿಷಯ. ಮನೆಯಲ್ಲಿ ಇನ್ವರ್ಟರ್ ಇದ್ದರೂ ಡೆಸ್ಕ್‌ಟಾಪ್ ಆರಿ ಮತ್ತೆ ಹೊತ್ತಿಕೊಳ್ಳುತ್ತದೆ ಎಂದಿದ್ದೀರಿ. ಲೈನ್‌ನಿಂದ ಬ್ಯಾಟರಿಗೆ ಬದಲಾಗುವ ಆ ಒಂದು ಕ್ಷಣದ ಅಂತರವನ್ನು ಕಂಪ್ಯೂಟರ್ ತಾಳುವುದಿಲ್ಲ. ನಿಮ್ಮ ಇನ್ವರ್ಟರ್‌ನ ಹಿಂಬದಿಯಲ್ಲಿ ಯುಪಿಎಸ್ ಮೋಡ್‌ನ ಗುಂಡಿ ಇದೆಯೇ ನೋಡಿ, ಇದ್ದರೆ ಅದಕ್ಕೆ ಹಾಕಿ. ಇಲ್ಲದಿದ್ದರೆ ಕಂಪ್ಯೂಟರ್‌ಗೊಂದು ಚಿಕ್ಕ ಯುಪಿಎಸ್, ರೂಟರ್‌ಗೆ ಅದರದೇ ಆದ 12 ವೋಲ್ಟ್‌ನ ಪುಟ್ಟ ಯುಪಿಎಸ್ ಇಡಿ. ನಾಲ್ವರ ಮನೆಯಲ್ಲೂ ಇಷ್ಟು ಆಗುವವರೆಗೆ, ಈ ಮಳೆಗಾಲ ಕಳೆಯುವವರೆಗಾದರೂ, ನೀವು ಒಟ್ಟಾಗಿ ಆಡುವ ಸಂಜೆಗಳಿಗೆ ಸ್ವಿಫ್ಟ್‌ಪ್ಲೇಯನ್ನೇ ಆರಿಸಿಕೊಳ್ಳಿ, ಮಳೆ ಬಿಡುವು ಕೊಟ್ಟ ದಿನ ಅನ್‌ರೇಟೆಡ್‌ಗೆ ಹೋಗಿ.