ಹೆಸರು ಬಿಟ್ಟುಹೋದ ಭಾನುವಾರ

ಓದುಗರೊಬ್ಬರ ಪತ್ರ, ಸಂಕ್ಷಿಪ್ತವಾಗಿ:

"ಹನ್ನೊಂದು ವರ್ಷದಿಂದ ನಮ್ಮ ಸಭೆಯಲ್ಲಿ ಸೇವೆ ಮಾಡುತ್ತಿದ್ದೇನೆ. ಕುರ್ಚಿ ಜೋಡಿಸುವುದು, ಕರ್ತನ ಭೋಜನದ ಬಟ್ಟಲು ತೊಳೆಯುವುದು, ಕಾಯಿಲೆ ಬಿದ್ದವರನ್ನು ಹೋಗಿ ನೋಡಿ ಬರುವುದು. ಯಾರೂ ಹೇಳಿ ಮಾಡಿಸಿದ್ದಲ್ಲ, ನಾನೇ ಇಷ್ಟಪಟ್ಟು ಮಾಡಿದ್ದು. ಕಳೆದ ತಿಂಗಳು ವಾರ್ಷಿಕ ಆರಾಧನೆಯಲ್ಲಿ ಸೇವೆ ಮಾಡಿದವರ ಹೆಸರು ಓದಿ ವಂದನೆ ಹೇಳಿದರು. ಹೋದ ವರ್ಷ ಬಂದ ತಂಗಿಯ ಹೆಸರು ಬಂತು. ನನ್ನದು ಬರಲಿಲ್ಲ. ಅವತ್ತು ರಾತ್ರಿ ನಿದ್ದೆ ಹತ್ತಲಿಲ್ಲ. ಮೊದಲು ಕೋಪ ಬಂತು, ಆಮೇಲೆ ನಾಚಿಕೆಯಾಯಿತು. ಇಷ್ಟು ವರ್ಷ ಹೆಸರಿಗೋಸ್ಕರ ಮಾಡಿದೆನಾ? ನನ್ನಲ್ಲಿ ದೀನತೆ ಇಲ್ಲವೇ ಇಲ್ಲ. ನಂಬಿಕೆಯೂ ಮೊದಲಿನಷ್ಟು ಉಳಿದಿಲ್ಲ. ಮನಸ್ಸು ಶುದ್ಧವಾಗುವ ತನಕ ಸೇವೆ ನಿಲ್ಲಿಸಿಬಿಡಲೇ? ದಯವಿಟ್ಟು ನನ್ನ ಹೆಸರು ಹಾಕಬೇಡಿ."

ಸಂಪಾದಕರ ಉತ್ತರ:

ಪ್ರಿಯ ಸಹೋದರಿ,

ನಿಮ್ಮ ಪತ್ರ ಬಂದು ಮೂರು ವಾರವಾಯಿತು. ತಡ ಮಾಡಿದ್ದಕ್ಕೆ ಕ್ಷಮಿಸಿ. ಉತ್ತರ ಗೊತ್ತಿಲ್ಲದೆ ತಡವಾಗಿದ್ದಲ್ಲ. ಗೊತ್ತಿರುವ ಉತ್ತರ ಬರೆಯಲು ಸ್ವಲ್ಪ ಮುಜುಗರವಾಯಿತು, ಅಷ್ಟೆ. ಯಾಕೆಂದು ಮೊದಲು ಹೇಳಿಬಿಡುತ್ತೇನೆ.

ನಾನು ಪತ್ರಿಕೆ ಕೆಲಸಕ್ಕೆ ಸೇರಿದ ಹೊಸದರಲ್ಲಿ ಒಂದು ವಿಶೇಷ ಸಂಚಿಕೆ ಬಂತು. ಎರಡು ತಿಂಗಳು ಕೂತು ಕರಡು ತಿದ್ದಿದವನು ನಾನು. ಕೊನೆಯ ಪುಟದಲ್ಲಿ ಕೃತಜ್ಞತೆ ಅಂತ ಒಂಬತ್ತು ಹೆಸರು ಹಾಕಿದ್ದರು. ಅದರಲ್ಲಿ ನನ್ನ ಹೆಸರಿರಲಿಲ್ಲ. ಕಾಗದ ತಂದುಕೊಟ್ಟವರ ಹೆಸರು ಕೂಡ ಇತ್ತು! ಆ ಸಂಚಿಕೆ ಈಗಲೂ ನನ್ನ ಕಪಾಟಿನಲ್ಲಿದೆ. ಅದರಲ್ಲಿದ್ದ ಲೇಖನಗಳು ಒಂದೂ ನೆನಪಿಲ್ಲ. ಆ ಒಂಬತ್ತು ಹೆಸರನ್ನು ಮಾತ್ರ ಈಗಲೂ ಸಾಲಾಗಿ ಹೇಳಬಲ್ಲೆ. ಹಾಗಾಗಿ ನಿಮಗೆ ದೀನತೆಯ ಪಾಠ ಹೇಳುವ ಮನುಷ್ಯ ಯಾರೆಂದು ತಿಳಿದುಕೊಂಡೇ ಮುಂದೆ ಓದಿ.

ನಿಮ್ಮ ಮುಖ್ಯ ಪ್ರಶ್ನೆಗೆ ಉತ್ತರ: ಬೇಡ, ಸೇವೆ ನಿಲ್ಲಿಸಬೇಡಿ.

ಮನಸ್ಸು ಪೂರ್ತಿ ಶುದ್ಧವಾದ ಮೇಲೆಯೇ ಸೇವೆ ಮಾಡಬೇಕು ಅಂತಿದ್ದರೆ ಯೇಸುವಿನ ಹನ್ನೆರಡು ಶಿಷ್ಯರಲ್ಲಿ ಒಬ್ಬರೂ ಉಳಿಯುತ್ತಿರಲಿಲ್ಲ. ಲೂಕನ ಸುವಾರ್ತೆಯ 22ನೇ ಅಧ್ಯಾಯ ತೆಗೆದು ನೋಡಿ. ಕರ್ತನು ರೊಟ್ಟಿ ಮುರಿದು ಕೊಟ್ಟಾಗಿದೆ, ಬಟ್ಟಲು ಕೊಟ್ಟಾಗಿದೆ. ಮರುದಿನ ಶಿಲುಬೆ. ಅದೇ ಊಟದ ಪಂಕ್ತಿಯಲ್ಲಿ ಇವರೊಳಗೆ ಜಗಳ ಶುರುವಾಗುತ್ತದೆ: ನಮ್ಮಲ್ಲಿ ಯಾರು ಹೆಚ್ಚಿನವನು? ಓದಿದಾಗಲೆಲ್ಲ ನನಗೆ ನಗು ಬರುತ್ತದೆ, ಆಮೇಲೆ ನಗು ನಿಂತುಹೋಗುತ್ತದೆ. ಯೇಸು ಅವರನ್ನು ಪಂಕ್ತಿಯಿಂದ ಎಬ್ಬಿಸಿ ಕಳಿಸಲಿಲ್ಲ. ನಾನು ನಿಮ್ಮ ನಡುವೆ ಬಡಿಸುವವನಂತೆ ಇದ್ದೇನೆ ಅಂದನು. ಜಗಳವಾಡಿದ ಆ ಕೈಗಳಿಗೇ ಮುಂದಿನ ಕೆಲಸವನ್ನೂ ಒಪ್ಪಿಸಿದನು.

ನಂಬಿಕೆ ಮೊದಲಿನಷ್ಟು ಇಲ್ಲ ಅಂತ ಬರೆದಿದ್ದೀರಲ್ಲ, ಅದರ ಮೇಲೆ ಸ್ವಲ್ಪ ಜಾಸ್ತಿ ಹೊತ್ತು ಕೂರಬೇಕು. ನಂಬಿಕೆ ಮತ್ತು ಸೇವೆ ಎರಡೂ ಒಟ್ಟಿಗೆ ಬರುವ ಒಂದು ಜಾಗ ಲೂಕನ ಸುವಾರ್ತೆಯಲ್ಲಿದೆ, 17ನೇ ಅಧ್ಯಾಯದಲ್ಲಿ. ಅಪೊಸ್ತಲರು ಬಂದು, ನಮ್ಮ ನಂಬಿಕೆಯನ್ನು ಹೆಚ್ಚಿಸು ಎಂದು ಕೇಳುತ್ತಾರೆ. ನಾವು ಈ ಮಾತನ್ನು ಪ್ರಾರ್ಥನೆಯಲ್ಲಿ ತುಂಬ ಬಳಸುತ್ತೇವೆ. ಆದರೆ ಅವರು ಅದನ್ನು ಯಾವಾಗ ಕೇಳಿದರು ಅಂತ ನೋಡುವುದಿಲ್ಲ. ರೋಗಿಯನ್ನು ವಾಸಿ ಮಾಡುವಾಗ ಅಲ್ಲ, ಬಿರುಗಾಳಿಯಲ್ಲೂ ಅಲ್ಲ. ಹಿಂದಿನ ವಚನ ಓದಿ. ನಿನ್ನ ಸಹೋದರ ಒಂದೇ ದಿನದಲ್ಲಿ ಏಳು ಸಲ ನಿನಗೆ ತಪ್ಪು ಮಾಡಿ, ಏಳು ಸಲವೂ ಬಂದು ಮನಸ್ಸು ಬದಲಾಯಿಸಿಕೊಂಡೆ ಅಂದರೆ ಅವನನ್ನು ಕ್ಷಮಿಸು ಎಂದು ಯೇಸು ಹೇಳಿದ್ದನು. ಅದನ್ನು ಕೇಳಿ ಅವರಿಗೆ ಉಸಿರು ಸಿಕ್ಕಿಹಾಕಿಕೊಂಡಿತು. ಇದಕ್ಕೆ ನಮ್ಮಲ್ಲಿರುವ ನಂಬಿಕೆ ಸಾಲದು, ಇನ್ನೂ ಕೊಡು ಅಂದರು. ನಿಮ್ಮದೂ ಅದೇ ಕಥೆ ಅಲ್ವಾ? ಪಟ್ಟಿಯಲ್ಲಿ ಹೆಸರು ಬಿಟ್ಟವರನ್ನು ಕ್ಷಮಿಸಲು ಹೊರಟಾಗಲೇ ನಿಮಗೂ ನಂಬಿಕೆ ಸಾಲದು ಅಂತ ಗೊತ್ತಾಗಿದ್ದು. ನಿಮ್ಮ ನಂಬಿಕೆ ಕಡಿಮೆಯಾಗಿದೆ ಅಂತ ನನಗೆ ಅನ್ನಿಸುವುದಿಲ್ಲ. ಇದುವರೆಗೆ ಅದಕ್ಕೆ ಇಷ್ಟು ಭಾರದ ಕೆಲಸ ಬಿದ್ದಿರಲಿಲ್ಲ.

ಯೇಸು ಅವರು ಕೇಳಿದ ಅಳತೆಯಲ್ಲಿ ಉತ್ತರ ಕೊಡುವುದೇ ಇಲ್ಲ. ಸಾಸಿವೆ ಕಾಳಿನಷ್ಟಿದ್ದರೂ ಸಾಕು ಅನ್ನುತ್ತಾನೆ. ತಕ್ಷಣ ಒಬ್ಬ ಆಳಿನ ಕಥೆ ತೆಗೆಯುತ್ತಾನೆ. ಆಳು ಹೊಲದಲ್ಲಿ ಉತ್ತು ಅಥವಾ ಕುರಿ ಮೇಯಿಸಿ ಮನೆಗೆ ಬರುತ್ತಾನೆ. ಯಜಮಾನ, ಬಾ, ಮೊದಲು ನೀನು ಊಟಕ್ಕೆ ಕೂತುಕೋ ಅನ್ನುತ್ತಾನಾ? ಇಲ್ಲ. ನನಗೆ ಅಡಿಗೆ ಮಾಡು, ನಡು ಕಟ್ಟಿಕೊಂಡು ಬಡಿಸು, ಆಮೇಲೆ ನೀನು ಉಣ್ಣು ಅನ್ನುತ್ತಾನೆ. ಅದಕ್ಕೆ ವಂದನೆ ಹೇಳುವುದೂ ಇಲ್ಲ. ಹಾಗೆಯೇ ನೀವೂ ಎಲ್ಲವನ್ನು ಮಾಡಿದ ಮೇಲೆ, ನಾವು ಬರೀ ಆಳುಗಳು, ಮಾಡಬೇಕಾದದ್ದನ್ನು ಮಾಡಿದ್ದೇವೆ ಅನ್ನಿರಿ ಎಂದು ಮುಗಿಸುತ್ತಾನೆ.

ನಿಜ ಹೇಳಲಾ? ಈ ಕಥೆ ನನಗೆ ಬಹಳ ವರ್ಷ ಹಿಡಿಸಿರಲಿಲ್ಲ. ಬಿಸಿಲಲ್ಲಿ ದುಡಿದು ಬಂದವನಿಗೆ ಒಂದು ಒಳ್ಳೆಯ ಮಾತು ಹೇಳಿದರೆ ಯಜಮಾನನ ಗಂಟೇನು ಹೋಗುತ್ತಿತ್ತು? ಬೋಧಕರು ಈ ಭಾಗ ತೆಗೆದು, ನೋಡಿ, ಹೊಗಳಿಕೆ ಬಯಸಬಾರದು ಎಂದು ಗದರಿಸುವುದನ್ನು ಕೇಳಿ ಕೇಳಿ ಇನ್ನಷ್ಟು ಬೇಸರವಾಗಿತ್ತು. ಆಮೇಲೆ ಒಂದು ದಿನ ಅದೇ ಲೂಕನ 12ನೇ ಅಧ್ಯಾಯ ಓದುತ್ತಿದ್ದೆ. ಅಲ್ಲಿಯೂ ಯಜಮಾನನಿದ್ದಾನೆ, ಆಳುಗಳಿದ್ದಾರೆ. ಯಜಮಾನ ಮದುವೆಗೆ ಹೋಗಿದ್ದಾನೆ. ಆಳುಗಳು ದೀಪ ಉರಿಸಿಕೊಂಡು ಎಚ್ಚರವಾಗಿದ್ದಾರೆ. ಅವನು ತಡರಾತ್ರಿ ಬಂದು ಬಾಗಿಲು ತಟ್ಟುತ್ತಾನೆ. ಆಮೇಲೆ ಏನಾಗುತ್ತದೆ ಗೊತ್ತಾ? ಯಜಮಾನನೇ ನಡು ಕಟ್ಟಿಕೊಳ್ಳುತ್ತಾನೆ, ಆಳುಗಳನ್ನು ಊಟಕ್ಕೆ ಕೂರಿಸುತ್ತಾನೆ, ತಾನೇ ಹತ್ತಿರ ಬಂದು ಬಡಿಸುತ್ತಾನೆ.

ಯಾವ ಯಜಮಾನ ತಾನೇ ಹಾಗೆ ಮಾಡುತ್ತಾನೆ ಅಂತ 17ನೇ ಅಧ್ಯಾಯದಲ್ಲಿ ಕೇಳುವವನೂ ಯೇಸುವೇ. ಹಾಗೆ ಮಾಡುವ ಯಜಮಾನನನ್ನು 12ರಲ್ಲಿ ಆಗಲೇ ತೋರಿಸಿಬಿಟ್ಟವನೂ ಇವನೇ. ಎರಡನ್ನೂ ಪಕ್ಕಪಕ್ಕ ಇಟ್ಟು ಓದಿದ ಮೇಲೆ ನನಗೆ ಆ ಆಳಿನ ಕಥೆಯ ಬಿಸಿ ಹೋಯಿತು. ಆಳು ಲೆಕ್ಕ ಇಡಬೇಕಾಗಿಲ್ಲ, ಯಾಕೆಂದರೆ ಯಜಮಾನ ಲೆಕ್ಕಕ್ಕೆ ಸಿಗುವವನಲ್ಲ. ಹನ್ನೊಂದು ವರ್ಷದ ಬಟ್ಟಲುಗಳಿಗೆ ಒಂದು ಭಾನುವಾರದ ವಂದನೆ ಎಂಥ ಸಂಬಳ? ಸಿಕ್ಕಿದ್ದರೂ ಅದು ಸಾಲುತ್ತಿರಲಿಲ್ಲ ಸಹೋದರಿ. ಮುಂದಿನ ವರ್ಷ ಮತ್ತೆ ಬೇಕಾಗುತ್ತಿತ್ತು.

ಆ ಬಟ್ಟಲುಗಳ ವಿಷಯ ನೀವು ಒಂದೇ ಸಾಲಿನಲ್ಲಿ ಬರೆದು ಮುಂದೆ ಹೋಗಿದ್ದೀರಿ. ನನಗೆ ಆ ಕೆಲಸ ಗೊತ್ತು. ಹುಡುಗನಾಗಿದ್ದಾಗ ಅಮ್ಮನ ಜೊತೆ ಮಾಡಿದ್ದೇನೆ. ಹೆಬ್ಬೆರಳಿನಷ್ಟು ಸಣ್ಣ ಬಟ್ಟಲು, ತಳದಲ್ಲಿ ಒಂದು ಹನಿ ಕೆಂಪು ದ್ರಾಕ್ಷಾರಸ ಒಣಗಿ ಅಂಟಿರುತ್ತದೆ. ಬೆರಳು ಒಳಗೆ ಹೋಗುವುದಿಲ್ಲ. ಬಟ್ಟೆಯ ತುದಿಯನ್ನು ಹುರಿ ಮಾಡಿ ಒಳಗೆ ತಿರುಗಿಸಬೇಕು. ಒಂದೊಂದನ್ನೂ ಬೆಳಕಿಗೆ ಹಿಡಿದು ನೋಡಬೇಕು. ಅಷ್ಟು ಹೊತ್ತಿಗೆ ಹೊರಗೆ ಎಲ್ಲರೂ ಮಾತಾಡಿ, ನಕ್ಕು, ಮನೆಗೆ ಹೊರಟಿರುತ್ತಾರೆ. ಕೊನೆಯ ಬಟ್ಟಲು ತಟ್ಟೆಯಲ್ಲಿಟ್ಟು ದೀಪ ಆರಿಸುವಾಗ ಅಮ್ಮ ಏನೋ ಗುನುಗುತ್ತಿದ್ದಳು. ಅವಳ ಹೆಸರನ್ನೂ ಯಾರೂ ಓದಿದ ನೆನಪಿಲ್ಲ. ಅವಳಿಗೆ ಬೇಜಾರಾಗುತ್ತಿತ್ತೋ ಇಲ್ಲವೋ, ಕೇಳಲು ಈಗ ಅವಳಿಲ್ಲ. ಆಗುತ್ತಿತ್ತು ಅಂತಲೇ ನನ್ನ ಊಹೆ.

ನಿಮ್ಮ ಪತ್ರದಲ್ಲಿ ಒಂದು ಮಾತು ಮಾತ್ರ ನನಗೆ ಚುಚ್ಚಿತು. ದೀನತೆ ಇಲ್ಲ ಅಂದದ್ದಲ್ಲ. "ಹೋದ ವರ್ಷ ಬಂದ ತಂಗಿ" ಅಂದದ್ದು. ಅವಳು ಏನು ಸೇವೆ ಮಾಡುತ್ತಾಳೆ ಅಂತ ನೀವು ಬರೆದಿಲ್ಲ. ಅವಳು ಯಾವಾಗ ಬಂದಳು ಅಂತ ಮಾತ್ರ ಬರೆದಿದ್ದೀರಿ. ತಪ್ಪು ತಿಳಿಯಬೇಡಿ, ಇದನ್ನು ಒಂಬತ್ತು ಹೆಸರು ಬಾಯಿಪಾಠ ಮಾಡಿಕೊಂಡವನು ಹೇಳುತ್ತಿದ್ದಾನೆ. ನನ್ನನ್ನು ನಾನು ಎಷ್ಟೇ ಬೈದುಕೊಂಡರೂ ಅದು ದೀನತೆಯಾಗುವುದಿಲ್ಲ ಅಂತ ನನಗೆ ತಡವಾಗಿ ಗೊತ್ತಾಯಿತು. ಬೈದುಕೊಳ್ಳುವಾಗಲೂ ನೋಡುತ್ತಿರುವುದು ನನ್ನ ಮುಖವನ್ನೇ. ಯೇಸು ಹೇಳಿದ ಕಥೆಯೊಂದರಲ್ಲಿ ದೇವಾಲಯದಲ್ಲಿ ಪ್ರಾರ್ಥನೆಗೆ ನಿಂತ ಫರಿಸಾಯನು, ಅಂದರೆ ಧರ್ಮನಿಯಮ ಕಟ್ಟುನಿಟ್ಟಾಗಿ ಪಾಲಿಸುವವನು, ಜನ ಕೀಳಾಗಿ ಕಾಣುತ್ತಿದ್ದ ಸುಂಕದವನನ್ನು ನೋಡಿದನು ನಿಜ, ಆದರೆ ತನ್ನನ್ನು ಅಳೆದುಕೊಳ್ಳಲು ಒಂದು ಕೋಲು ಬೇಕಿತ್ತು ಅಂತ ನೋಡಿದನು. ಆ ತಂಗಿಯನ್ನು ಕೋಲಾಗಿ ಅಲ್ಲದೆ ಸುಮ್ನೆ ಒಬ್ಬ ಹೆಣ್ಣುಮಗಳಾಗಿ ನೋಡಲು ಆಗುತ್ತದಾ? ಒಂದು ಭಾನುವಾರ ಅವಳನ್ನು ಕರೆದು ಬಟ್ಟಲು ತೊಳೆಯುವುದನ್ನು ಕಲಿಸಿ. ಸಹಾಯಕ್ಕೆ ಇಟ್ಟುಕೊಳ್ಳಿ ಅನ್ನುತ್ತಿಲ್ಲ. ಕಲಿಸಿ, ಕೆಲವು ವಾರ ಪೂರ್ತಿ ಅವಳ ಕೈಗೇ ಬಿಟ್ಟುಬಿಡಿ. ಸೇವೆ ನಿಲ್ಲಿಸುವುದು ಬೇರೆ, ಕೈ ಬದಲಿಸುವುದು ಬೇರೆ.

ಇದು ನನ್ನ ಬುದ್ಧಿಯಲ್ಲ, ಹಳೆಯ ಮಠಗಳದ್ದು. 6ನೇ ಶತಮಾನದಲ್ಲಿ ಸಂತ ಬೆನೆಡಿಕ್ಟ ತನ್ನ ಸನ್ಯಾಸಿಗಳಿಗೆ ನಿಯಮ ಬರೆದನು. ಅದರ 7ನೇ ಅಧ್ಯಾಯದಲ್ಲಿ ದೀನತೆಗೆ 12 ಮೆಟ್ಟಿಲು ಅಂತ ವಿವರಿಸಿದ್ದಾನೆ. ಜನ ಅದನ್ನೇ ಜಾಸ್ತಿ ಓದುತ್ತಾರೆ. ನನಗೆ ಇಷ್ಟವಾದದ್ದು 35ನೇ ಅಧ್ಯಾಯ, ಅಡಿಗೆಮನೆಯದ್ದು. ಕಾಯಿಲೆಯವರನ್ನೂ ಬಹಳ ಮುಖ್ಯ ಕೆಲಸವಿದ್ದವರನ್ನೂ ಬಿಟ್ಟು ಎಲ್ಲರೂ ವಾರದ ಪಾಳಿಯಲ್ಲಿ ಅಡಿಗೆಮನೆಗೆ ಬರಬೇಕು. ಶನಿವಾರ ಪಾಳಿ ಮುಗಿಸುವವನು ಎಲ್ಲ ಶುಚಿ ಮಾಡಬೇಕು. ಸಹೋದರರು ಕೈಕಾಲು ಒರೆಸಿದ ಬಟ್ಟೆಗಳನ್ನು ಒಗೆಯಬೇಕು. ಪಾತ್ರೆಗಳನ್ನು ತೊಳೆದು, ಒಡೆಯದೆ, ಲೆಕ್ಕಕ್ಕೆ ಒಪ್ಪಿಸಬೇಕು. ಆಮೇಲೆ ಪಾಳಿ ಬಿಡುವವನೂ ಪಾಳಿಗೆ ಬರುವವನೂ ಸೇರಿ ಎಲ್ಲರ ಕಾಲು ತೊಳೆಯಬೇಕು. ಎಷ್ಟು ಚೆನ್ನಾಗಿದೆ ನೋಡಿ! ಪಾಳಿಯಲ್ಲಿ ಬಂದ ಕೆಲಸದ ಬಗ್ಗೆ ಯಾರೂ ಎದೆಯುಬ್ಬಿಸಿಕೊಳ್ಳಲು ಆಗುವುದಿಲ್ಲ. ಮುಂದಿನ ವಾರ ಅದು ಇನ್ನೊಬ್ಬನ ಕೈಯಲ್ಲಿರುತ್ತದೆ. ಹನ್ನೊಂದು ವರ್ಷ ಒಬ್ಬರೇ ಮಾಡಿದ ಕೆಲಸ ಮೆಲ್ಲಗೆ ಆಸ್ತಿಯಾಗುತ್ತದೆ. ಆಗ ಅದಕ್ಕೆ ಹಕ್ಕುಪತ್ರ ಬೇಕು ಅನ್ನಿಸುತ್ತದೆ.

ದೀನತೆಗೆ ಇನ್ನೊಂದು ಅರ್ಧ ಇದೆ, ಸೇವೆ ಮಾಡಿಸಿಕೊಳ್ಳುವುದು. ಅದು ನನಗೆ ಇನ್ನೂ ಕಷ್ಟ. ಆರೇಳು ವರ್ಷದ ಹಿಂದೆ ಬೆನ್ನಿನ ಶಸ್ತ್ರಚಿಕಿತ್ಸೆಯಾಗಿ ಎರಡು ತಿಂಗಳು ಹಾಸಿಗೆಯಲ್ಲಿದ್ದೆ. ಬಗ್ಗುವ ಹಾಗಿರಲಿಲ್ಲ. ಸಭೆಯ ಒಬ್ಬ ಹುಡುಗ ದಿನಾ ಬರುತ್ತಿದ್ದ. ನನ್ನ ಲೇಖನಗಳನ್ನು ಓದಿದವನೇನಲ್ಲ. ಒಂದು ದಿನ ನನ್ನ ಕಾಲು ನೋಡಿ, ಅಂಕಲ್, ಉಗುರು ಬೆಳೆದಿದೆ ಅಂದ. ಬೇಡಪ್ಪ, ಪರವಾಗಿಲ್ಲ ಅಂದೆ. ಎರಡು ಸಲ ಅಂದೆ. ಅವನು ಕೇಳಿಸಿಕೊಳ್ಳದೆ ನೆಲದ ಮೇಲೆ ಕಾಗದ ಹಾಸಿ ಕೂತ. ನನ್ನ ಹಿಮ್ಮಡಿಯನ್ನು ತನ್ನ ಮೊಣಕಾಲ ಮೇಲೆ ಇಟ್ಟುಕೊಂಡು ಒಂದೊಂದೇ ಉಗುರು ಕತ್ತರಿಸಿದ. ನಾಚಿಕೆಯಿಂದ ನಾನು ಗೋಡೆ ನೋಡುತ್ತಿದ್ದೆ. ದೀನತೆ ಕುರಿತು ನಾನು ಬರೆದ ಸಂಪಾದಕೀಯಗಳಿಗೆ ಲೆಕ್ಕವಿಲ್ಲ. ಆ ಹತ್ತು ನಿಮಿಷ ಮಾತ್ರ ತಡೆದುಕೊಳ್ಳಲು ಆಗಲಿಲ್ಲ.

ಕೊನೆಯ ಊಟದ ರಾತ್ರಿ ಯೇಸು ಶಿಷ್ಯರ ಕಾಲು ತೊಳೆಯಲು ಬಂದಾಗ ಪೇತ್ರ ಯಾಕೆ ಕಾಲು ಹಿಂದೆಳೆದುಕೊಂಡ ಅಂತ ಅವತ್ತು ಅರ್ಥವಾಯಿತು. ಕರ್ತನ ಕಾಲನ್ನು ತೊಳೆ ಅಂದಿದ್ದರೆ ಅವನು ಓಡಿ ಬರುತ್ತಿದ್ದ. ತೊಳೆಸಿಕೊಳ್ಳುವುದು ಬೇಡವಾಗಿತ್ತು. ಅದಕ್ಕೆ ಯೇಸು ಹೇಳಿದ ಮಾತು ಗಟ್ಟಿಯಾಗಿದೆ: ನಾನು ನಿನ್ನನ್ನು ತೊಳೆಯದಿದ್ದರೆ ನನ್ನಲ್ಲಿ ನಿನಗೆ ಪಾಲಿಲ್ಲ. ನಿಮ್ಮನ್ನು ಕೇಳುತ್ತೇನೆ, ಈ ಹನ್ನೊಂದು ವರ್ಷದಲ್ಲಿ ಸಭೆಯಲ್ಲಿ ಯಾರಿಂದಲಾದರೂ ಸಹಾಯ ಕೇಳಿದ್ದೀರಾ? ನಿಮ್ಮ ಪತ್ರದಲ್ಲಿ ನೀವು ಮಾಡಿದ್ದೆಲ್ಲ ಇದೆ, ನಿಮಗೆ ಯಾರಾದರೂ ಮಾಡಿದ್ದು ಒಂದೂ ಇಲ್ಲ. ಸುಮ್ಮನೆ ಕೈಬಿಟ್ಟುಹೋಗಿರಬಹುದು. ಆದರೂ ನೆನಪಿಸಿಕೊಂಡು ನೋಡಿ.

ಇಷ್ಟೆಲ್ಲ ಹೇಳಿದ ಮೇಲೆ ಒಂದು ಎಚ್ಚರಿಕೆಯ ಮಾತನ್ನೂ ಹೇಳಬೇಕು. ದೀನತೆ ಅನ್ನುವ ಮಾತನ್ನು ಮೇಲಿರುವವರು ಕೆಳಗಿರುವವರ ಬಾಯಿ ಮುಚ್ಚಿಸಲು ಬಳಸುವುದುಂಟು. ಸಭೆಯಲ್ಲಿ ಗುಡಿಸುವವರಿಗೆ ದೀನತೆಯ ಪ್ರಸಂಗ, ಮುಂದಿನ ಸಾಲಿನವರಿಗೆ ಶಾಲು, ಇದನ್ನು ನಾನು ಒಪ್ಪುವುದಿಲ್ಲ. ಯೇಸುವನ್ನು ಬಂಧಿಸಿ ಮಹಾಯಾಜಕನ ಮುಂದೆ ನಿಲ್ಲಿಸಿದಾಗ ಒಬ್ಬ ಓಲೇಕಾರ, ಅಂದರೆ ಕಾವಲಿನ ಆಳು, ಕೆನ್ನೆಗೆ ಹೊಡೆದನು; ಆಗ ಯೇಸು, ನಾನು ತಪ್ಪು ಮಾತಾಡಿದ್ದರೆ ತೋರಿಸು, ಸರಿಯಾಗಿ ಮಾತಾಡಿದ್ದರೆ ಯಾಕೆ ಹೊಡೆಯುತ್ತೀ ಎಂದು ಕೇಳಿದನು. ಅದೇ ರಾತ್ರಿ ಶಿಷ್ಯರ ಕಾಲು ತೊಳೆದವನೇ ಹೀಗೆ ಕೇಳಿದ್ದು. ಆದ್ದರಿಂದ ನಿಮ್ಮ ಬೋಧಕರ ಬಳಿ ಹೋಗಿ, ನನ್ನ ಹೆಸರು ಬಿಟ್ಟದ್ದು ನನಗೆ ನೋವಾಯಿತು ಅಂತ ಹೇಳುವುದರಲ್ಲಿ ತಪ್ಪೇನೂ ಇಲ್ಲ. ಎದುರಿಗೆ ಹೇಳಿ, ಒಂದೇ ಸಲ ಹೇಳಿ. ಬೇರೆ ಹತ್ತು ಜನರ ಹತ್ತಿರ ಹೇಳಿಕೊಳ್ಳುವುದಕ್ಕಿಂತ ಇದು ಎಷ್ಟೋ ಮೇಲು. ನಿಮ್ಮಂತೆಯೇ ಬಿಟ್ಟುಹೋದ ಇನ್ನೊಬ್ಬರು ಇರಬಹುದು, ಅವರ ಹೆಸರನ್ನೂ ಹೇಳಿ ಬನ್ನಿ. ಕಸ ಗುಡಿಸುವವರು ಯಾರು ನಿಮ್ಮಲ್ಲಿ?

ದಣಿವಾಗಿದ್ದರೆ ಅದು ಬೇರೆ ವಿಷಯ. ಸ್ವಲ್ಪ ವಿಶ್ರಾಂತಿ ತೆಗೆದುಕೊಳ್ಳಿರಿ ಎಂದು ಕರ್ತನೇ ಶಿಷ್ಯರನ್ನು ಕರೆದುಕೊಂಡು ಹೋದದ್ದಿದೆ. ಅವರಿಗೆ ಊಟಕ್ಕೂ ಬಿಡುವಿರಲಿಲ್ಲ ಅಂತ ಮಾರ್ಕನು ಬರೆಯುತ್ತಾನೆ. ದಣಿವಿಗೆ ರಜೆ ತೆಗೆದುಕೊಳ್ಳಿ. ನಾಚಿಕೆಗೆ ತೆಗೆದುಕೊಳ್ಳಬೇಡಿ.

ಪ್ರಾರ್ಥನೆ ಹೇಗೆ ಮಾಡಲಿ ಅಂತ ನೀವು ಕೇಳಿಲ್ಲ, ಆದರೂ ಹೇಳುತ್ತೇನೆ. ದೀನತೆ ಕೊಡು ಅಂತ ಕೇಳುವುದನ್ನು ನಾನು ಬಿಟ್ಟು ಬಹಳ ದಿನವಾಯಿತು. ಕೇಳಿದ ಅರ್ಧ ಗಂಟೆಗೆ, ಬಂತಾ ಅಂತ ನೋಡಿಕೊಳ್ಳುತ್ತಿದ್ದೆ. ಈಗ ಆ ಒಂಬತ್ತು ಜನರಲ್ಲಿ ಬದುಕಿರುವ ನಾಲ್ವರಿಗಾಗಿ ಬೇಡಿಕೊಳ್ಳುತ್ತೇನೆ. ಕಾಗದ ತಂದುಕೊಟ್ಟವರು ಅದರಲ್ಲಿ ಒಬ್ಬರು. ಕಣ್ಣು ಮಂಜಾಗಿದೆ, ಪತ್ರಿಕೆಯನ್ನು ಮೊಮ್ಮಗಳ ಹತ್ತಿರ ಓದಿಸಿಕೊಳ್ಳುತ್ತಾರಂತೆ. ಹೋದ ತಿಂಗಳು ಫೋನ್ ಮಾಡಿ, ಅಕ್ಷರ ಸ್ವಲ್ಪ ದೊಡ್ಡದು ಮಾಡಿ ಅಂದರು. ಈ ಸಂಚಿಕೆಯಿಂದ ಮಾಡಿದ್ದೇವೆ.

ಆ ತಂಗಿ ಬಟ್ಟಲು ತೊಳೆಯಲು ಬಂದಳೋ ಇಲ್ಲವೋ, ಒಂದು ಸಾಲು ಬರೆದು ತಿಳಿಸಿ. ಹೆಸರು ಹಾಕಬೇಡಿ ಅಂತ ಪತ್ರದ ಕೊನೆಯಲ್ಲಿ ಎರಡೆರಡು ಗೆರೆ ಎಳೆದು ಬರೆದಿದ್ದೀರಿ. ಹಾಕಿಲ್ಲ.

ಕರ್ತನಲ್ಲಿ ನಿಮ್ಮ ಸಹೋದರ,
ಸಂಪಾದಕ